ಸರ್ಕಾರಿ ಕಚೇರಿ ಅಡ್ಡಾಟ: ಪದೇ ಪದೇ ಕೇಳುವ ಪ್ರಶ್ನೆಗಳು

ನಾನು ಕಂದಾಯ ಇಲಾಖೆಯಲ್ಲಿ ಮೂವತ್ನಾಲ್ಕು ವರ್ಷ ಗುಮಾಸ್ತನಾಗಿದ್ದವ. ಧಾರವಾಡ ಜಿಲ್ಲೆ ಒಂದೇ ಇದ್ದಾಗ ಸೇರಿದೆ, ಅದು ಮೂರಾದ ಮೇಲೆ ಮೂರರಲ್ಲೂ ಕುರ್ಚಿ ಸವೆಸಿದೆ, 2019ರ ಮೇ 31ಕ್ಕೆ ಹಾರ ಹಾಕಿಸಿಕೊಂಡು ಮನೆಗೆ ಬಂದೆ. ಅಂದಿನಿಂದ ನಮ್ಮ ಮನೆ ಮುಂದಿನ ಕಟ್ಟಿಯೇ ಇನ್ನೊಂದು ಕಚೇರಿ. ಮದುವೆ ಪಂಕ್ತಿಯಲ್ಲಿ, ಹುಬ್ಬಳ್ಳಿ-ಧಾರವಾಡದ ಚಿಗರಿ ಬಸ್ಸಿನಲ್ಲಿ, ಕಟಿಂಗ್ ಅಂಗಡಿಯಲ್ಲಿ ಕೇಳುತ್ತಾರೆ. ಹಾವೇರಿ ಕಡೆಯ ಬೀಗರು ಕಾರ್ಡು ಬರೆದು ಕೇಳುತ್ತಾರೆ. ಪ್ರಶ್ನೆಗಳು ಮಾತ್ರ ಅವೇ. ಹೇಳಿ ಹೇಳಿ ಗಂಟಲು ಒಣಗಿದ್ದಕ್ಕೆ ಬರೆದಿಟ್ಟಿದ್ದೇನೆ. ಪ್ರಶ್ನೆ ಅವರ ಮಾತಿನಲ್ಲಿವೆ, ಉತ್ತರ ನನ್ನವು. ನನ್ನ ಉತ್ತರಕ್ಕೆ ಸರ್ಕಾರದ ಮೊಹರಿಲ್ಲ.

## ಮೊದಲ ಸಲ ಹೊಂಟವರಿಗೆ

ಮೊದಲನೇ ಸಲ ಕಚೇರಿಗೆ ಹೊಂಟೇನ್ರಿ. ಏನೇನು ಒಯ್ಯಬೇಕು?

ಆಧಾರ್, ರೇಷನ್ ಕಾರ್ಡು, ಪಾಸ್‌ಬುಕ್ಕಿನ ಮೊದಲ ಪುಟ, ಕೆಲಸಕ್ಕೆ ಸಂಬಂಧಪಟ್ಟ ಹಳೆಯ ಕಾಗದ, ಎರಡು ಫೋಟೊ. ಪ್ರತಿಯೊಂದರದೂ ಮೂರು ಝೆರಾಕ್ಸ್. ಮೂರು ಯಾಕೆಂದರೆ ಒಂದು ಅರ್ಜಿಗೆ ಲಗತ್ತಾಗುತ್ತದೆ, ಒಂದು ಕಳೆಯುತ್ತದೆ, ಒಂದು ನಿಮ್ಮ ಹತ್ತಿರ ಉಳಿಯುತ್ತದೆ. ಅಸಲು ಕಾಗದ ತೋರಿಸಿ, ಬಿಟ್ಟು ಬರಬೇಡಿ. ಝೆರಾಕ್ಸ್ ಮೇಲೆ ನೀವೇ ಸಹಿ ಮಾಡಿದರೆ ಸಾಕು ಅನ್ನುವ ಕಡೆಗಳು ಈಗ ಹೆಚ್ಚು. ಗೆಜೆಟೆಡ್ ಅಧಿಕಾರಿಯ ಸಹಿಗಾಗಿ ನಸುಕಿನಲ್ಲೇ ಯಾವುದೋ ಕಾಲೇಜಿನ ಪ್ರಿನ್ಸಿಪಾಲರ ಮನೆ ಮುಂದೆ ನಿಲ್ಲುವ ಕಾಲ ಬಹುಮಟ್ಟಿಗೆ ಮುಗಿಯಿತು. ಆ ಕಾಲದಲ್ಲಿ ಅವರು ಅಸಲನ್ನು ನೋಡುತ್ತಿರಲಿಲ್ಲ, ಹಲ್ಲುಜ್ಜುತ್ತಲೇ ‘ಅಸಲಿನೊಂದಿಗೆ ತಾಳೆ ನೋಡಿದೆ’ ಅಂತ ಮೊಹರು ಒತ್ತುತ್ತಿದ್ದರು.

ಪೆನ್ನು ನಿಮ್ಮದೇ ಇರಲಿ. ಕಚೇರಿಯ ಪೆನ್ನಿಗೆ ದಾರ ಇರುತ್ತದೆ, ರೀಫಿಲ್ ಇರುವುದಿಲ್ಲ.

ಎಷ್ಟ ಗಂಟೇಕ್ಕ ಹೋದ್ರ ಸಾಹೇಬ್ರು ಸಿಗ್ತಾರ?

ಬೋರ್ಡಿನ ಪ್ರಕಾರ 10ರಿಂದ 5.30, ನಡುವೆ ಊಟ. ಎರಡನೇ ಮತ್ತು ನಾಲ್ಕನೇ ಶನಿವಾರ ಬಾಗಿಲು ಹಾಕಿರುತ್ತದೆ. ಇದನ್ನು ಮರೆತು ನರಗುಂದದಿಂದ ಗದಗಿಗೆ ಬಂದು ಕೀಲಿ ನೋಡಿ ಹೋದವರನ್ನು ಎಣಿಸಲಾರೆ. ಸೋಮವಾರ ಸಂತೆ ಇದ್ದಂತೆ ಇರುತ್ತದೆ, ಬೇಡ. ನನ್ನ ಅನುಭವದಲ್ಲಿ ಮಂಗಳವಾರ, ಬುಧವಾರ ಹನ್ನೊಂದರ ಸುಮಾರು ಒಳ್ಳೆಯದು.

ಕುರ್ಚಿಯ ಬೆನ್ನಿಗೆ ಟಾವೆಲ್ ಹಾಕಿದ್ದು ಕಂಡು ಸಾಹೇಬರು ಇದ್ದಾರೆ ಅಂತ ಕಾಯಬೇಡಿ. ಟಾವೆಲ್ ಮಾತ್ರ ಇರುತ್ತದೆ. ‘ಸಾಹೇಬ್ರು ವಿ.ಸಿ.ಯೊಳಗದಾರ’ ಅಂದರೆ ಬೆಂಗಳೂರಿನವರು ವಿಡಿಯೊ ಕಾನ್ಫರೆನ್ಸಿನ ಪರದೆಯ ಮೇಲೆ ಬೈಯುತ್ತಿದ್ದಾರೆ ಎಂದರ್ಥ, ಎರಡು ತಾಸು ಹಿಡಿದೀತು. ಮಂಡಕ್ಕಿ-ಮಿರ್ಚಿ ತಿಂದು ಬನ್ನಿ. ಒಂದು ಮಾತು ನ್ಯಾಯಕ್ಕಾಗಿ ಹೇಳಬೇಕು. ತಹಶೀಲ್ದಾರರ ತಲೆಯ ಮೇಲೆ ಚುನಾವಣೆ, ಬರ, ನೆರೆ, ಜಾತ್ರೆ, ಮುಜರಾಯಿ ಗುಡಿ, ಬಂದೋಬಸ್ತು, ಜಾತಿ ಪ್ರಮಾಣಪತ್ರ ಎಲ್ಲವೂ ಕೂತಿವೆ. ನಿಮ್ಮ ಅರ್ಜಿ ಅದರ ಕೆಳಗಿದೆ.

ಹುಬ್ಬಳ್ಳಿ ಮಂದಿ ಎಲ್ಲಾದಕ್ಕೂ ಧಾರವಾಡಕ್ಕ ಯಾಕ ಅಡ್ಡಾಡಬೇಕ್ರಿ?

1962ರಲ್ಲಿ ಎರಡೂ ಊರಿಗೆ ಕೂಡಿ ಒಂದೇ ಮಹಾನಗರ ಪಾಲಿಕೆ ಆಯಿತು. ಆದರೆ ಜಿಲ್ಲಾಧಿಕಾರಿ ಕೂಡುವುದು ಧಾರವಾಡದಲ್ಲಿ, ಪಾಲಿಕೆಯ ಮುಖ್ಯ ಕಚೇರಿ ಹುಬ್ಬಳ್ಳಿಯಲ್ಲಿ, ನಗರಾಭಿವೃದ್ಧಿ ಪ್ರಾಧಿಕಾರ ನಡುವಿನ ನವನಗರದಲ್ಲಿ. ಒಂದು ಸೈಟಿನ ಕೆಲಸಕ್ಕೆ ಮೂರಕ್ಕೂ ಹೋಗಬೇಕಾದವನು ಚಿಗರಿ ಬಸ್ಸಿನ ದಾರಿಯನ್ನು ಕಣ್ಣು ಮುಚ್ಚಿ ಹೇಳಬಲ್ಲ. ಧಾರವಾಡದವರಿಗೆ ಇದೇ ಪ್ರಶ್ನೆ ತಿರುಗಿಸಿ ಇದೆ: ಪಾಲಿಕೆಗೆ ಹುಬ್ಬಳ್ಳಿಗೆ ಯಾಕೆ ಹೋಗಬೇಕು ಅಂತ. ಇಬ್ಬರೂ ನವನಗರದಲ್ಲಿ ಒಬ್ಬರನ್ನೊಬ್ಬರು ದಾಟಿ ಹೋಗುತ್ತಾರೆ.

ಅವರ ಕನ್ನಡ ನಮಗ ತಿಳಿಯೂದಿಲ್ರಿ. ಅದು ಯಾವ ಕನ್ನಡ?

ಅರ್ಧ ಕನ್ನಡ, ಅರ್ಧ ಪೇಶ್ವೆಯವರದು, ಮೇಲೆ ಇಂಗ್ಲಿಷಿನ ಒಗ್ಗರಣೆ. ನಾಲ್ಕು ಮಾತು ತಿಳಿದರೆ ಬಾಳೇವು ನಡೆಯುತ್ತದೆ. ‘ಸದರಿ’ ಅಂದರೆ ಮೇಲೆ ಹೇಳಿದ್ದು. ಸದರಿಯವರು ಅಂದರೆ ನೀವೇ. ‘ಆವಕ’ ಅಂದರೆ ಒಳಗೆ ಬಂದ ಕಾಗದ, ‘ಜಾವಕ’ ಹೊರಗೆ ಹೋದದ್ದು. ‘ಷರಾ’ ಅಂದರೆ ಅಂಚಿನಲ್ಲಿ ಬರೆದ ಒಂದು ಸಾಲು, ಇಡೀ ಕಾಗದಕ್ಕಿಂತ ಅದಕ್ಕೇ ಕಿಮ್ಮತ್ತು. ‘ಹಿಂಬರಹ’ ಅಂದರೆ ನಿಮ್ಮ ಅರ್ಜಿಗೆ ಬರವಣಿಗೆಯಲ್ಲಿ ಕೊಟ್ಟ ಉತ್ತರ, ಸಾಮಾನ್ಯವಾಗಿ ಆಗುವುದಿಲ್ಲ ಎಂಬ ಉತ್ತರ. ‘ಪರಿಶೀಲನೆಯಲ್ಲಿದೆ’ ಅಂದರೆ ಯಾರೂ ಇನ್ನೂ ನೋಡಿಲ್ಲ. ‘ನಿಯಮಾನುಸಾರ ಕ್ರಮ ಕೈಗೊಳ್ಳಲಾಗುವುದು’ ಎಂಬ ಸಾಲನ್ನು ನಾನೇ ಸಾವಿರಾರು ಸಲ ಬರೆದಿದ್ದೇನೆ. ಅದರ ಅರ್ಥ ನನಗೂ ಪೂರ್ತಿ ತಿಳಿದಿಲ್ಲ.

ಹಳೆಯ ಮಂದಿ ತಹಶೀಲ್ದಾರರನ್ನು ಮಾಮಲೇದಾರ ಅಂತಲೂ ಗ್ರಾಮ ಆಡಳಿತ ಅಧಿಕಾರಿಯನ್ನು ತಲಾಠಿ ಅಂತಲೂ ಕರೆಯುತ್ತಾರೆ. ಇದು ಮುಂಬೈ ಪ್ರಾಂತದ ರೂಢಿ. ಬೋರ್ಡು ಎಷ್ಟು ಸಲ ಬದಲಾದರೂ ನಮ್ಮ ಸೀಮೆಯ ಬಾಯಲ್ಲಿ ಇನ್ನೂ ಬದಲಾಗಿಲ್ಲ.

## ಅರ್ಜಿ ಕೊಟ್ಟ ಮೇಲೆ

ಅರ್ಜಿ ಕೊಟ್ಟ ಬಂದೇನ್ರಿ. ಇನ್ನ ಎಷ್ಟ ದಿನ ಕಾಯಬೇಕು?

ಯಾರಿಗೆ ಕೊಟ್ಟಿರಿ? ಆವಕ ನಂಬರ್ ಏನು? ನಾನು ಮೊದಲು ಕೇಳುವುದು ಇವೆರಡೇ, ಹತ್ತರಲ್ಲಿ ಎಂಟು ಮಂದಿ ಸುಮ್ಮನಾಗುತ್ತಾರೆ. ‘ಅಲ್ಲೊಬ್ರು ಕುಂತಿದ್ರು, ಟೇಬಲ್ ಮ್ಯಾಲ ಇಡು ಅಂದ್ರು’ ಅನ್ನುತ್ತಾರೆ. ಟೇಬಲ್ ಮೇಲೆ ಇಟ್ಟದ್ದು ಅರ್ಜಿಯಲ್ಲ, ಕಾಗದ. ಫ್ಯಾನಿನ ಗಾಳಿಗೆ ಹಾರಿದರೆ ಅದು ಕಚೇರಿಗೆ ಬಂದೇ ಇಲ್ಲ.

ಕಚೇರಿಗೆ ಮನುಷ್ಯರ ಗುರುತು ಸಿಗುವುದಿಲ್ಲ, ನಂಬರಿನ ಗುರುತು ಸಿಗುತ್ತದೆ. ನೀವು ಹದಿನೈದು ಸಲ ಬಂದು ಹೋದದ್ದಕ್ಕೆ ಎಲ್ಲಿಯೂ ದಾಖಲೆ ಇಲ್ಲ, ಆವಕ ರಜಿಸ್ಟರಿನ ಒಂದು ಸಾಲಿಗೆ ಇದೆ. ಅದಕ್ಕೇ ನಿಮ್ಮ ಪ್ರತಿಯ ಮೇಲೆ ದಿನಾಂಕ, ಸಂಖ್ಯೆ, ಮೊಹರು ಹಾಕಿಸಿಕೊಳ್ಳದೆ ಬಾಗಿಲು ದಾಟಬೇಡಿ. ಹಾಕಿಕೊಡುವುದಿಲ್ಲ ಅಂದರೆ ಜಗಳ ಬೇಡ, ಅಂಚೆ ಕಚೇರಿಗೆ ಹೋಗಿ ಸ್ಪೀಡ್ ಪೋಸ್ಟ್ ಮಾಡಿ ಕಳಿಸಿ. ಪಕ್ಕದ ಮೇಜಿಗೆ ಹೋಗದ ಕಾಗದ ಅಂಚೆಯ ಮೂಲಕ ಬಂದರೆ ಅದೇ ಮೇಜಿಗೆ ಮರ್ಯಾದೆಯಿಂದ ಹೋಗುತ್ತದೆ. ಇದು ಯಾಕೆ ಹೀಗೆ ಎಂದು ಕೇಳಬೇಡಿ.

ನಾಡಕಚೇರಿಯಲ್ಲಿ ಕೊಟ್ಟಿದ್ದರೆ ಸಕಾಲದ ನಂಬರ್ ಬರುತ್ತದೆ. ಸಕಾಲದ ಹಿಂದಿರುವ ನಾಗರಿಕ ಸೇವೆಗಳ ಖಾತರಿ ಕಾಯ್ದೆ 2011ರದು, ರಾಜ್ಯದ ತುಂಬ ಜಾರಿಯಾದದ್ದು 2012ರ ಏಪ್ರಿಲ್‌ನಲ್ಲಿ. ಯಾವ ಕೆಲಸಕ್ಕೆ ಎಷ್ಟು ದಿನ ಅಂತ ಗೊತ್ತು ಮಾಡಿದ್ದಾರೆ, ಸ್ವೀಕೃತಿ ಚೀಟಿಯಲ್ಲೂ ಅಚ್ಚಾಗಿರುತ್ತದೆ. ಆ ದಿನದ ತನಕ ಹೋಗಲೇಬೇಡಿ. ದಿನಾ ಹೋಗಿ ಮುಖ ತೋರಿಸಿದರೆ ಬೇಗ ಆಗುತ್ತದೆ ಎಂಬುದು ಸುಳ್ಳು. ದಿನಾ ಬರುವವನನ್ನು ಕಂಡರೆ ನಮಗೆ ಅಭ್ಯಾಸವಾಗಿಬಿಡುತ್ತಿತ್ತು.

‘ನಾಳೆ ಬರ್ರಿ’ ಅಂದ್ರ ನಾಳೆ ಹೋಗಬೇಕೇನ್ರಿ?

ಬೇಡ. ‘ನಾಳೆ’ ಒಂದು ದಿನವಲ್ಲ, ಒಂದು ದಿಕ್ಕು. ‘ಯಾವ ತಾರೀಖು ಬರಲಿ, ಈ ಚೀಟಿ ಮ್ಯಾಲ ಬರದ ಕೊಡ್ರಿ’ ಅಂತ ಪೆನ್ನು ಮುಂದೆ ಹಿಡಿಯಿರಿ. ಬರೆಯುವುದಕ್ಕಿಂತ ಕೆಲಸ ಮಾಡಿಕೊಡುವುದೇ ಸಲೀಸು ಅನಿಸಿದವರನ್ನು ನೋಡಿದ್ದೇನೆ.

ಸರ್ವರ್ ಡೌನ್ ಅಂತಾರಲ್ರಿ, ಖರೇನ ಡೌನ್ ಇರತೈತೋ, ನಮ್ಮನ್ನ ಸಾಗಹಾಕಾಕ ಹೇಳ್ತಾರೋ?

ಬಹಳ ಸಲ ಖರೇನೇ. ಬೆಳಿಗ್ಗೆ ಹನ್ನೊಂದಕ್ಕೆ ರಾಜ್ಯದ ಎಲ್ಲ ತಾಲ್ಲೂಕುಗಳೂ ಒಂದೇ ಬಾವಿಗೆ ಕೊಡ ಇಳಿಸಿದರೆ ಹಗ್ಗ ಸಿಕ್ಕಿಕೊಳ್ಳದೆ ಇರುತ್ತದೆಯೇ? ಕಂಪ್ಯೂಟರ್ ಬರುವ ಮೊದಲು ನಾವು ‘ಕಪಾಟಿನ ಕೀಲಿ ಸಾಹೇಬ್ರ ಕಡೆ ಐತಿ’ ಅನ್ನುತ್ತಿದ್ದೆವು. ವ್ಯತ್ಯಾಸ ಇಷ್ಟೇ: ಕೀಲಿ ಇಲ್ಲ ಅಂದಾಗ ಜನ ಗುಮಾಸ್ತನನ್ನು ಬೈಯುತ್ತಿದ್ದರು, ಸರ್ವರ್ ಇಲ್ಲ ಅಂದಾಗ ಗುಮಾಸ್ತನೂ ಜನರೊಂದಿಗೆ ಕೂತು ಬೈಯುತ್ತಾನೆ. ಕಾಯುವುದಾದರೆ ಮೂರೂವರೆಯ ಮೇಲೆ ನೋಡಿ.

ಮೊಬೈಲಿಗೆ ‘ಅರ್ಜಿ ವಿಲೇವಾರಿ ಆಗಿದೆ’ ಅಂತ ಮೆಸೇಜ್ ಬಂತ್ರಿ. ಹೋಗಿ ಕೇಳಿದ್ರ ಕೆಲಸಾನ ಆಗಿಲ್ಲ. ಇದೆಂಥಾ ವಿಲೇವಾರಿ?

ತಿರಸ್ಕಾರವೂ ವಿಲೇವಾರಿಯೇ. ಕೆಲಸ ಮಾಡಿ ಮುಗಿಸಿದರೂ ಲೆಕ್ಕದಲ್ಲಿ ಒಂದು, ‘ದಾಖಲೆ ಸಾಲದು’ ಅಂತ ತಿರುಗಿಸಿದರೂ ಲೆಕ್ಕದಲ್ಲಿ ಒಂದು. ಗಡುವಿನ ಕೊನೆಯ ದಿನ ಸಂಜೆ ತಿರಸ್ಕರಿಸಿದರೂ ಕೆಲಸ ಸಕಾಲದಲ್ಲೇ ಆದಂತೆ. ಕಾಯ್ದೆ ಮಾಡಿದವರ ಮನಸ್ಸಿನಲ್ಲಿ ಇದು ಇರಲಿಲ್ಲ, ಕಾಯ್ದೆ ನಡೆಸುವವರ ಕೈಗೆ ಇದು ತಾನಾಗಿ ಬಂತು.

ನೀವು ಮಾಡಬೇಕಾದದ್ದು, ತಿರಸ್ಕಾರದ ಕಾರಣವನ್ನು ಹಿಂಬರಹದಲ್ಲಿ ಪಡೆದು ಮೇಲ್ಮನವಿ ಹಾಕುವುದು. ಮೊದಲ ಮೇಲ್ಮನವಿ, ಎರಡನೆಯದು ಅಂತ ಸಕಾಲದಲ್ಲೇ ಮೆಟ್ಟಿಲುಗಳಿವೆ. ಗಡುವು ಮೀರಿದ್ದರೆ ದಿನಕ್ಕೆ 20 ರೂಪಾಯಿಯಂತೆ, ಹೆಚ್ಚೆಂದರೆ 500 ರೂಪಾಯಿ ಪರಿಹಾರವನ್ನೂ ಕೇಳಬಹುದು. ರೋಣದಿಂದ ಗದಗಿಗೆ ಎರಡು ಸಲ ಬಂದು ಹೋಗುವ ಖರ್ಚು ನೋಡಿದರೆ ಆ 20 ರೂಪಾಯಿ ನಗೆ ತರಿಸುತ್ತದೆ ನಿಜ. ಆದರೆ ಅದು ತಪ್ಪು ಮಾಡಿದವರ ಜೇಬಿನಿಂದ ಹೋಗಬೇಕಾದ ರೊಕ್ಕ. ಇಷ್ಟು ವರ್ಷದಲ್ಲಿ ನನ್ನ ಮುಂದೆ ಅದನ್ನು ಕೇಳಿದವನು ಒಬ್ಬನೇ, ಬ್ಯಾಡಗಿ ಕಡೆಯ ಒಬ್ಬ ಹುಡುಗ. ಅವನ ಮುಂದಿನ ಅರ್ಜಿ ಎರಡೇ ದಿನದಲ್ಲಿ ಆಯಿತು.

## ಹೆಸರು, ಹುಟ್ಟು, ಬದುಕು

ಹೊಲದ ಪಹಣಿ ಉತಾರದಾಗ ಈರಪ್ಪ, ಆಧಾರದಾಗ ವೀರಪ್ಪ, ಶಾಲಿ ದಾಖಲೆದಾಗ ವೀರಭದ್ರಪ್ಪ. ಮೂರೂ ನಾನ ಅಂದ್ರ ನಂಬೂದಿಲ್ಲ. ಏನ ಮಾಡ್ಲಿ?

ನನ್ನ ಕಟ್ಟಿಗೆ ಬರುವ ಪ್ರಶ್ನೆಗಳ ರಾಜ ಇದು. ನಮ್ಮ ಸೀಮೆಯಲ್ಲಿ ವೀರಪ್ಪನನ್ನು ತಾಯಿ ಈರಪ್ಪ ಅಂತ ಕರೆಯುತ್ತಾಳೆ, ಎಲ್ಲವ್ವ ಯಲ್ಲವ್ವ ಆಗುತ್ತಾಳೆ, ಬಸವಣ್ಣೆಪ್ಪ ಬಸಣ್ಣ ಆಗುತ್ತಾನೆ. ತಲಾಠಿ ಕಿವಿಗೆ ಬಿದ್ದಂತೆ ಬರೆದ, ಮಾಸ್ತರರು ಶುದ್ಧ ಮಾಡಿ ಬರೆದರು, ಆಧಾರ್ ಹುಡುಗ ಮೊದಲು ಇಂಗ್ಲಿಷಿನಲ್ಲಿ ಹೊಡೆದು ಅದನ್ನು ಯಂತ್ರ ಕನ್ನಡಕ್ಕೆ ತಿರುಗಿಸಿತು. ಮೂವರೂ ತಮ್ಮ ಮಟ್ಟಿಗೆ ತಪ್ಪು ಮಾಡಿಲ್ಲ. ಮೇಲೆ ನಮ್ಮದು ಮೂರು ತುಂಡಿನ ಹೆಸರು: ತನ್ನದು, ಅಪ್ಪನದು, ಅಡ್ಡಹೆಸರು. ಒಂದು ಕಡೆ ಅಡ್ಡಹೆಸರು ಮುಂದೆ ಬಂದರೆ ಇನ್ನೊಂದು ಕಡೆ ಅಪ್ಪನ ಹೆಸರು ಒಂದೇ ಅಕ್ಷರಕ್ಕೆ ಕುಗ್ಗಿರುತ್ತದೆ. ಹೆಣ್ಣುಮಕ್ಕಳ ಪಾಡು ಕೇಳಬೇಡಿ, ಅವರಿಗೆ ತವರಿನ ಅಡ್ಡಹೆಸರು, ಗಂಡನ ಮನೆಯದು, ಕೆಲವರಿಗೆ ಮದುವೆಯಲ್ಲಿ ಬದಲಿಸಿದ ಹೆಸರು ಬೇರೆ.

ಎಲ್ಲವನ್ನೂ ಒಂದೇ ಸಲ ತಿದ್ದಿಸಲು ಹೋಗಬೇಡಿ. ಯಾವುದನ್ನು ತಿದ್ದುವುದು ಅತಿ ಕಷ್ಟವೋ ಅದನ್ನು ಗೂಟ ಮಾಡಿ, ಉಳಿದವನ್ನು ಅದಕ್ಕೆ ಕಟ್ಟಿ. ಸಾಮಾನ್ಯವಾಗಿ ಗೂಟ ಅಂದರೆ ಶಾಲೆಯ ದಾಖಲೆ ಅಥವಾ ಉತಾರ. ಆಧಾರಿನಲ್ಲಿ ಹೆಸರನ್ನು ಜೀವಮಾನದಲ್ಲಿ ಎರಡೇ ಸಲ, ಹುಟ್ಟಿದ ದಿನಾಂಕವನ್ನು ಒಂದೇ ಸಲ ತಿದ್ದಬಹುದು. ಅವಸರದಲ್ಲಿ ಅದನ್ನು ಕಳೆದುಕೊಳ್ಳಬೇಡಿ. ತಿದ್ದಲು ಆಗದ್ದಕ್ಕೆ ‘ಈ ಮೂರೂ ಹೆಸರು ಒಬ್ಬನವೇ’ ಅಂತ ನೋಟರಿ ಮುಂದೆ ಅಫಿಡವಿಟ್. ನಾನು ನಾನೇ ಎಂದು ಬಾಂಡ್ ಮೇಲೆ ಬರೆದು ಕೊಡುವಾಗ ಮುಜುಗರವಾಗುತ್ತದೆ, ಎಲ್ಲರಿಗೂ ಆಗುತ್ತದೆ. ನಮ್ಮ ಊರಿಗೇ ಇಂಗ್ಲಿಷಿನಲ್ಲಿ ಹುಬ್ಳಿ ಅಂತ ಇದ್ದದ್ದು 2014ರ ನವೆಂಬರ್ 1ರಿಂದ ಹುಬ್ಬಳ್ಳಿ ಆಯಿತು. ಅದಕ್ಕೆ ಮಾತ್ರ ಯಾರೂ ಅಫಿಡವಿಟ್ ಕೇಳಲಿಲ್ಲ.

ನಮ್ಮ ಮನ್ಯಾಗ ಅಪ್ಪ, ಕಾಕಾ, ನಾನು ಎಲ್ಲಾರೂ ಜೂನ್ 1ಕ್ಕ ಹುಟ್ಟೇವಿ. ಹೆಂಗ್ರಿ ಇದು?

ನಾನೂ ಜೂನ್ 1ರವನೇ. ಅವ್ವನ ಪ್ರಕಾರ ನಾನು ಹುಟ್ಟಿದ್ದು ಸೀಗಿ ಹುಣ್ಣಿಮೆಯ ಮುಂದೆ, ಎರಿ ಹೊಲಕ್ಕೆ ಚರಗ ಚೆಲ್ಲಿ ಬಂದ ದಿನ ರಾತ್ರಿ. ಶಾಲೆಗೆ ಸೇರಿಸುವಾಗ ಮಾಸ್ತರರು ತಾರೀಖು ಕೇಳಿದರು, ಅಪ್ಪ ಹುಣ್ಣಿಮೆ ಹೇಳಿದ, ಮಾಸ್ತರರು ಶಾಲೆ ಶುರುವಾಗುವ ತಿಂಗಳ ಒಂದನೇ ತಾರೀಖು ಬರೆದು ವಯಸ್ಸು ಕೂಡಿಸಿದರು. ಉತ್ತರ ಕರ್ನಾಟಕದ ಒಂದು ತಲೆಮಾರು ಹೀಗೆ ಒಂದೇ ದಿನ ಹುಟ್ಟಿತು.

ಅದರ ಕೊನೆಯೂ ಮಜಾ ಇದೆ. ತಿಂಗಳ ಒಂದನೇ ತಾರೀಖು ಹುಟ್ಟಿದ ನೌಕರ ಹಿಂದಿನ ತಿಂಗಳ ಕೊನೆಯ ದಿನ ನಿವೃತ್ತನಾಗಬೇಕು. ಹಾಗಾಗಿ ಮೇ 31ಕ್ಕೆ ಕಚೇರಿ ಕಚೇರಿಗಳಲ್ಲಿ ಸಾಲು ಸಾಲು ಬೀಳ್ಕೊಡುಗೆ. ನನ್ನ ದಿನ ಹಾರ ಸಾಲಲಿಲ್ಲ, ಒಂದನ್ನೇ ಮೂವರಿಗೆ ಹಾಕಿ ತೆಗೆದು ಫೋಟೊ ಹೊಡೆದರು.

ಹುಟ್ಟಿದ ದಾಖಲೆ ಇಲ್ಲ ಅಂದ್ರ, ‘ಇಲ್ಲ ಅನ್ನೂ ದಾಖಲೆ ತಗೊಂಬಾ’ ಅಂತಾರ. ಚಾಷ್ಟಿ ಮಾಡ್ತಾರೇನ್ರಿ?

ಚಾಷ್ಟಿ ಅಲ್ಲ, ಅಂಥದೊಂದು ಕಾಗದ ಖರೇನೇ ಇದೆ. ಜನನ-ಮರಣ ನೋಂದಣಿ ಕಾಯ್ದೆ 1969ರದು. ಹುಟ್ಟಿದ 21 ದಿನದೊಳಗೆ ತಿಳಿಸಿದರೆ ಪುಕ್ಕಟೆ, 30 ದಿನದವರೆಗೆ ತಡದ ಶುಲ್ಕ, ಒಂದು ವರ್ಷದವರೆಗೆ ಅಧಿಕಾರಿಯ ಅನುಮತಿ, ಅದನ್ನೂ ಮೀರಿದರೆ ಮ್ಯಾಜಿಸ್ಟ್ರೇಟರ ಆದೇಶ. ಆ ಆದೇಶ ಬೇಕಾದರೆ ಮೊದಲು ರಜಿಸ್ಟರಿನಲ್ಲಿ ಹುಡುಕಿಸಿ ‘ಹುಡುಕಿದೆವು, ಸಿಗಲಿಲ್ಲ’ ಎಂಬ ಅಲಭ್ಯ ಪ್ರಮಾಣಪತ್ರ ಪಡೆಯಬೇಕು.

ಹೊರಗಿನಿಂದ ನೋಡಿದರೆ ಹುಚ್ಚು, ಒಳಗಿನಿಂದ ನೋಡಿದರೆ ಅರ್ಥವಿದೆ: ಇದ್ದ ದಾಖಲೆಯನ್ನು ಬಚ್ಚಿಟ್ಟು ಬೇರೆ ತಾರೀಖಿಗೆ ಎರಡನೇ ಸಲ ಹುಟ್ಟಲು ಬರುವವರೂ ಇದ್ದಾರೆ. ತೊಂದರೆ ಶುರುವಾಗುವುದು ‘ಯಾವ ವರ್ಷ ಹುಡುಕಬೇಕು?’ ಅಂದಾಗ. ವರ್ಷ ಗೊತ್ತಿದ್ದರೆ ದಾಖಲೆ ಯಾಕೆ ಬೇಕಿತ್ತು? ಹಿಂದೆ ಮುಂದೆ ಎರಡೆರಡು ವರ್ಷ ಸೇರಿಸಿ ಬರೆಯಿರಿ. ಹುಟ್ಟಿದ್ದು ತವರಿನಲ್ಲೋ ಗಂಡನ ಊರಲ್ಲೋ ಎಂಬುದನ್ನು ಮಾತ್ರ ಮನೆಯ ಹಿರಿಯರನ್ನು ಕೇಳಿ ಖಾತ್ರಿ ಮಾಡಿಕೊಳ್ಳಿ. ಬಾಣಂತನ ತವರಿನಲ್ಲಾದ ಸೀಮೆ ನಮ್ಮದು, ಶಿರಹಟ್ಟಿಯವನ ಹುಟ್ಟು ಹಾನಗಲ್ಲಿನ ರಜಿಸ್ಟರಿನಲ್ಲಿ ಸಿಕ್ಕೀತು.

ನಾ ಜೀವಂತ ಎದುರಿಗೆ ನಿಂತೇನಿ. ಆದ್ರೂ ಜೀವಂತ ಇದ್ದ ಸರ್ಟಿಫಿಕೇಟ್ ತಾ ಅಂತಾರಲ್ಲ?

ಪಿಂಚಣಿದಾರರು ಪ್ರತಿ ನವೆಂಬರಿನಲ್ಲಿ ಬದುಕಬೇಕು. ಉಳಿದ ತಿಂಗಳು ಹೇಗಿದ್ದರೂ ನಡೆಯುತ್ತದೆ. 2014ರಿಂದ ಬೆರಳಚ್ಚಿನಿಂದಲೇ ಕೊಡುವ ಡಿಜಿಟಲ್ ಜೀವನ ಪ್ರಮಾಣ ಬಂದಿದೆ, ಈಗ ಮುಖ ತೋರಿಸಿಯೂ ಕೊಡಬಹುದು. ಬೆರಳು ಸವೆದ ರೈತರಿಗೆ, ಪಾತ್ರೆ ತಿಕ್ಕಿ ರೇಖೆ ಅಳಿಸಿದ ಅಜ್ಜಿಯರಿಗೆ ಯಂತ್ರ ‘ಹೊಂದಿಕೆಯಾಗಲಿಲ್ಲ’ ಅನ್ನುತ್ತದೆ. ಗಾಬರಿ ಬೇಡ, ಬ್ಯಾಂಕಿಗೆ ಹೋಗಿ ಫಾರ್ಮ್ ತುಂಬಿದರೂ ಆಗುತ್ತದೆ.

ನಮ್ಮ ಕಷ್ಟ ಸಣ್ಣದು. ಉತ್ತರ ಪ್ರದೇಶದ ಆಜಮಗಢ ಜಿಲ್ಲೆಯ ಲಾಲ್ ಬಿಹಾರಿ ಎಂಬ ರೈತನನ್ನು ಕಂದಾಯ ದಾಖಲೆಯಲ್ಲಿ 1975ರಲ್ಲಿ ಸತ್ತವನೆಂದು ಬರೆದರು. ಸಂಬಂಧಿಕರಿಗೆ ಅವನ ತುಂಡು ಹೊಲ ಬೇಕಿತ್ತು. ತಾನು ಬದುಕಿದ್ದೇನೆ ಎಂದು ದಾಖಲೆಯಲ್ಲಿ ಬರೆಸಲು ಅವನಿಗೆ 1994ರವರೆಗೆ ಹಿಡಿಯಿತು. ಅಷ್ಟರಲ್ಲಿ ಹೆಸರಿನ ಮುಂದೆ ತಾನೇ ‘ಮೃತಕ’ ಅಂತ ಸೇರಿಸಿಕೊಂಡ, ತನ್ನಂಥವರ ಸಂಘ ಕಟ್ಟಿದ, ಚುನಾವಣೆಗೆ ನಿಂತ. ನಾಮಪತ್ರ ಸ್ವೀಕಾರವಾದರೆ ಬದುಕಿದ್ದೇನೆ ಎಂಬುದಕ್ಕೆ ಅದೂ ಒಂದು ಕಾಗದ ತಾನೆ? ಹತ್ತೊಂಬತ್ತು ವರ್ಷ ಎಷ್ಟು ಗುಮಾಸ್ತರು ಅವನನ್ನು ಕಣ್ಣಾರೆ ನೋಡಿ, ‘ದಾಖಲೆಯಲ್ಲಿ ನೀನಿಲ್ಲ’ ಅಂದಿರಬೇಕು ಎಂದು ನಾನು ಆಗಾಗ ಲೆಕ್ಕ ಹಾಕುತ್ತೇನೆ. ಆ ಕುರ್ಚಿಯಲ್ಲಿ ನಾನಿದ್ದರೂ ಅದನ್ನೇ ಅನ್ನುತ್ತಿದ್ದೆ.

## ಹೊಲ-ಮನಿ

ಪಹಣಿ, ಉತಾರ, ಖಾತೆ, ಇ-ಸ್ವತ್ತು ಎಲ್ಲಾ ಒಂದನ ಏನ್ರಿ?

ಹೊಲಕ್ಕೆ ಪಹಣಿ, ನಾವು ಉತಾರ ಅನ್ನುವುದು ಅದನ್ನೇ. ಹಳ್ಳಿಯ ಮನೆ-ಜಾಗಕ್ಕೆ ಪಂಚಾಯ್ತಿಯ ಇ-ಸ್ವತ್ತು. ಹುಬ್ಬಳ್ಳಿ, ಧಾರವಾಡ, ಗದಗಿನ ಹಳೆಯ ಪೇಟೆಯಲ್ಲಿ ಸಿಟಿ ಸರ್ವೆಯ ಸಿ.ಟಿ.ಎಸ್. ಉತಾರ ಬೇರೆ, ಪಾಲಿಕೆ ಅಥವಾ ನಗರಸಭೆಯ ಖಾತೆ ಬೇರೆ. ಒಂದೇ ಮನೆಗೆ ಎರಡೂ ಇರುತ್ತವೆ, ಎರಡರಲ್ಲೂ ಒಂದೇ ಹೆಸರಿದ್ದರೆ ನಿಮ್ಮ ಪುಣ್ಯ.

ಅಣ್ತಮ್ಮರು ಹೊಲಾ ಸಮಾ ಹಂಚಕೊಂಡೇವಿ. ಉತಾರದಾಗ ಮಾತ್ರ ಕೂಡಿದ್ರ ಹೊಲಾನ ಹೆಚ್ಚಾಗೇತಿ!

ಪಹಣಿಯ ಕಾಲಂ 3ರಲ್ಲಿ ಒಟ್ಟು ವಿಸ್ತೀರ್ಣ, ಕಾಲಂ 9ರಲ್ಲಿ ಯಾರ ಹೆಸರಿಗೆ ಎಷ್ಟು ಎಂಬುದು. 3ರಲ್ಲಿ 4 ಎಕರೆ 20 ಗುಂಟೆ ಇದ್ದು 9ರಲ್ಲಿ ಮೂವರದೂ ಕೂಡಿದರೆ 4 ಎಕರೆ 25 ಆಯಿತೆನ್ನಿ. ಆ ಐದು ಗುಂಟೆ ಭೂಮಿಯ ಮೇಲೆ ಇಲ್ಲ, ಕಾಗದದ ಮೇಲಿದೆ. ಬಿತ್ತಲು ಬರುವುದಿಲ್ಲ, ಜಗಳಾಡಲು ಬರುತ್ತದೆ.

ಇದು ಹೇಗೆ ಹುಟ್ಟಿತು ಅಂದರೆ, ತಲೆಮಾರುಗಳ ಕಾಲ ವಾಟ್ನಿ, ಅಂದರೆ ಪಾಲು, ಆದದ್ದು ಬಾಯಿಮಾತಿನಲ್ಲಿ. ಹಿರಿಯರು ಬದುವಿನ ಮೇಲೆ ನಿಂತು ‘ಜಾಲಿ ಗಿಡದ ತನಕ ನಿಂದು’ ಅಂದರು. ತಲಾಠಿ ಅಂದಾಜಿನಲ್ಲಿ ಗುಂಟೆ ಬರೆದ. 2000ರ ಆಸುಪಾಸಿನಲ್ಲಿ ಭೂಮಿ ಯೋಜನೆ ಬಂದು ಕೈಬರಹದ ಪಹಣಿಗಳೆಲ್ಲ ಕಂಪ್ಯೂಟರಿಗೆ ಏರಿದವು. ಯಂತ್ರ ಒಂದು ಉಪಕಾರ ಮಾಡಿತು: ಗುಟ್ಟಾಗಿದ್ದ ತಪ್ಪನ್ನು ಬಹಿರಂಗ ಮಾಡಿತು. ಒಂದು ಅಪಕಾರವನ್ನೂ ಮಾಡಿತು: ಮೊದಲು ಕೆಂಪು ಶಾಯಿಯಲ್ಲಿ ತಿದ್ದಿ ಸಣ್ಣ ಸಹಿ ಹಾಕಿದರೆ ಮುಗಿಯುತ್ತಿದ್ದದ್ದಕ್ಕೆ ಈಗ ಆದೇಶ ಬೇಕು.

ಕಂಪ್ಯೂಟರ್ ಉತಾರ ಹಿಡಿದು ವಾದ ಮಾಡಬೇಡಿ. ರೆಕಾರ್ಡ್ ರೂಮಿನಿಂದ ಹಳೆಯ ಕೈಬರಹದ ಪಹಣಿ, ಹೆಸರು ಬದಲಾದಾಗಿನ ಮ್ಯುಟೇಶನ್ ನಕಲು, ಸರ್ವೆಯ ಆಕಾರಬಂದ್ (ಅಳತೆ-ಕಂದಾಯದ ಪಟ್ಟಿ) ಮತ್ತು ಟಿಪ್ಪಣಿ (ಅಳತೆಯ ನಕ್ಷೆ) ನಕಲು ತೆಗೆಸಿ. ತಪ್ಪು ಯಾವ ವರ್ಷ, ಯಾವ ಸಾಲಿನಲ್ಲಿ ಹೊಕ್ಕಿತು ಎಂದು ನೀವೇ ಕೆಂಪು ಗೆರೆ ಎಳೆದು ತೋರಿಸಿದರೆ ಅರ್ಧ ಕೆಲಸ ಆದಂತೆ. ಗುಮಾಸ್ತನಿಗೆ ಹುಡುಕುವ ಪುರುಸೊತ್ತು ಇರುವುದಿಲ್ಲ, ಹುಡುಕಿ ಕೊಟ್ಟರೆ ಬೇಡ ಅನ್ನುವ ಧೈರ್ಯವೂ ಇರುವುದಿಲ್ಲ. ಅಣ್ಣತಮ್ಮಂದಿರು ಒಟ್ಟಿಗೇ ಹೋಗಿ. ಒಬ್ಬ ತಕರಾರು ತೆಗೆದನೆಂದರೆ ಕಡತ ಉಪವಿಭಾಗಾಧಿಕಾರಿಗಳ ಕಡೆ ಹೊರಳಬಹುದು, ಆಮೇಲೆ ಅದು ನಿಮ್ಮ ಮಕ್ಕಳ ಕೆಲಸ.

ಮುತ್ತ್ಯಾನ ಕಾಲದ ಕಾಗದಾ ಐತ್ರಿ. ಯಾರಿಗೂ ಓದಾಕ ಬರವಲ್ದು. ಜಿಲ್ಲಾ ಕಚೇರಿಗೆ ಹೋದ್ರ ‘ಇಲ್ಲಿಲ್ಲ’ ಅಂತಾರ.

ಅದು ಮೋಡಿ ಲಿಪಿ ಇರಬೇಕು, ಮರಾಠಿಯನ್ನು ಗಬಗಬ ಬರೆಯಲು ಬಳಸುತ್ತಿದ್ದ ಲಿಪಿ. 1956ರವರೆಗೆ ನಾವು ಮುಂಬೈ ರಾಜ್ಯದಲ್ಲಿದ್ದವರು. ಅದಕ್ಕೂ ಹಿಂದೆ ಸವಣೂರು ನವಾಬರದು, ಕುಂದಗೋಳ ಜಮಖಂಡಿ ಸಂಸ್ಥಾನದ್ದು, ಲಕ್ಷ್ಮೇಶ್ವರ ಮಿರಜದ ಪಟವರ್ಧನರದು. ಹತ್ತು ಹರದಾರಿ ದೂರದ ಎರಡು ಹಳ್ಳಿಗೆ ಎರಡು ಸರ್ಕಾರ, ಎರಡು ಲೆಕ್ಕ. 1997ರಲ್ಲಿ ಗದಗ, ಹಾವೇರಿ ಬೇರೆ ಜಿಲ್ಲೆಗಳಾದಾಗ ಹಳೆಯ ಕಟ್ಟುಗಳು ಕೆಲವು ಹೋದವು, ಕೆಲವು ಧಾರವಾಡದಲ್ಲೇ ಉಳಿದವು, ಕೆಲವು ಲಾರಿಯಲ್ಲಿ ಮೂಲೆ ಸೇರಿದವು. ಆ ಲಾರಿಗಳಿಗೆ ಕಟ್ಟು ಹೊರಿಸಿದವರಲ್ಲಿ ನಾನೂ ಒಬ್ಬ. ಯಾದಿ ಬರೆದುಕೊಂಡೇ ಹೊರಿಸಿದೆವು, ಯಾದಿ ಯಾವ ಲಾರಿಯಲ್ಲಿ ಹೋಯಿತೋ ಗೊತ್ತಿಲ್ಲ.

ಆದ್ದರಿಂದ ‘ಇಲ್ಲಿಲ್ಲ’ ಅಂದದ್ದು ಸುಳ್ಳಾಗಿರಬೇಕಿಲ್ಲ. ‘ಇಲ್ಲಿಲ್ಲ’ ಎಂಬುದನ್ನೇ ಹಿಂಬರಹವಾಗಿ ಪಡೆದು, ಅದನ್ನು ಹಚ್ಚಿ ಧಾರವಾಡದಲ್ಲಿ ಅರ್ಜಿ ಕೊಡಿ. ಮೋಡಿ ಓದುವ ಹಿರಿಯರು ಧಾರವಾಡದ ಓಣಿಗಳಲ್ಲಿ ಇನ್ನೂ ಕೆಲವರಿದ್ದಾರೆ. ಅವರಿರುವಾಗಲೇ ಓದಿಸಿಕೊಳ್ಳಿ.

## ಪಳಗಿದವರಿಗೆ

ಫೈಲ್ ಸಾಹೇಬ್ರ ಟೇಬಲ್ಲಿಗೆ ಹೋಗಿ ‘ಚರ್ಚಿಸಿ’ ಅಂತ ಬರದ ವಾಪಸ್ ಬಂದೈತಂತ. ಅಂದ್ರ ಏನ್ರಿ?

ಅಂದರೆ ನಿಂತಿತು. ಕಡತ ಗುಮಾಸ್ತನಿಂದ ಶಿರಸ್ತೇದಾರರಿಗೆ, ಅವರಿಂದ ತಹಶೀಲ್ದಾರರಿಗೆ ಏರುತ್ತದೆ. ಮೇಲಿನವರಿಗೆ ಸಹಿ ಮಾಡಲು ಮನಸ್ಸಿಲ್ಲ, ಬೇಡ ಅನ್ನಲು ಕಾರಣವಿಲ್ಲ, ಆಗ ಅಂಚಿನಲ್ಲಿ ಈ ಒಂದು ಶಬ್ದ ಬೀಳುತ್ತದೆ. ಈಗ ಗುಮಾಸ್ತ ಹೋಗಿ ಚರ್ಚಿಸಬೇಕು. ಸಾಹೇಬರಿಗೆ ಪುರುಸೊತ್ತಿಲ್ಲ, ಗುಮಾಸ್ತನಿಗೆ ಅವಸರವಿಲ್ಲ. ನನ್ನ ಮೇಜಿನಲ್ಲೇ ಒಂದು ಕಡತ ಮೂರು ಸಾಹೇಬರು ವರ್ಗವಾಗುವ ತನಕ ಚರ್ಚೆಗೆ ಕಾದಿತ್ತು. ಮೂರನೆಯವರು ಹೊಸದಾಗಿ ‘ಮಾತನಾಡಿ’ ಅಂತ ಬರೆದರು.

ಔಷಧ ಒಂದೇ: ಸಾಹೇಬರನ್ನು ಕಾಣುವ ಹೊತ್ತು ಕೇಳಿಕೊಂಡು ಹೋಗಿ, ‘ನನ್ನ ಕಡತದಾಗ ಚರ್ಚೆ ಬಾಕಿ ಐತಂತ್ರಿ, ಗುಮಾಸ್ತರನ್ನೂ ಕರೀರಿ’ ಅನ್ನಿ. ಮೂವರೂ ಒಂದೇ ಕೋಣೆಯಲ್ಲಿದ್ದರೆ ಚರ್ಚೆ ಎರಡು ನಿಮಿಷದ್ದು.

ಮಾಹಿತಿ ಹಕ್ಕಿನಾಗ ಎಲ್ಲಾ ಕೇಳಿ ಬಿಡ್ಲೇನ್ರಿ?

ಎಲ್ಲ ಕೇಳಿದರೆ ಏನೂ ಬರುವುದಿಲ್ಲ. ಕಾಯ್ದೆ 2005ರದು, ಅರ್ಜಿ ಶುಲ್ಕ 10 ರೂಪಾಯಿ, 30 ದಿನದಲ್ಲಿ ಉತ್ತರ. ನಮ್ಮ ರಾಜ್ಯದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, ಸಾಮಾನ್ಯವಾಗಿ 150 ಪದ ಮೀರಬಾರದು. ಉತ್ತರ ಬರೆಯುವವರಿಗೆ ಪದಗಳ ಮಿತಿ ಇಲ್ಲ. ಅವರು ‘ಉಲ್ಲೇಖ’ ಬರೆಯುವುದರಲ್ಲೇ 150 ಮುಗಿದಿರುತ್ತದೆ. ‘ನನ್ನ ಕೆಲಸ ಯಾಕೆ ಆಗಿಲ್ಲ?’ ಎಂದು ಕೇಳಬೇಡಿ, ಯಾಕೆ ಎಂಬುದು ಮಾಹಿತಿಯಲ್ಲ ಅನ್ನುತ್ತಾರೆ. ‘ಆವಕ ಸಂಖ್ಯೆ ಇಂತಿಂಥದರ ಕಡತದ ಟಿಪ್ಪಣಿ ಹಾಳೆಗಳ ದೃಢೀಕೃತ ನಕಲು ಕೊಡಿ’ ಅನ್ನಿ. ಬಹಳ ಕಡೆ ಆ ನಕಲು ಕೊಡುವ ಮೊದಲು ಕೆಲಸವೇ ಆಗಿಬಿಡುತ್ತದೆ. ಟಿಪ್ಪಣಿ ಹಾಳೆ ಖಾಲಿ ಇದೆ ಎಂದು ತೋರಿಸಲು ಯಾರಿಗೂ ಇಷ್ಟವಿಲ್ಲ.

ಇಷ್ಟೆಲ್ಲಾ ಯಾಕ್ರಿ, ಒಂದ ನೋಟ ಕೊಟ್ರ ಆಗತೈತಲ್ಲ?

ಆಗುತ್ತದೆ. ಇಲ್ಲ ಅಂತ ಸುಳ್ಳು ಹೇಳಲಾರೆ. ಆದರೆ ಭ್ರಷ್ಟಾಚಾರ ತಡೆ ಕಾಯ್ದೆಗೆ 2018ರಲ್ಲಿ ತಿದ್ದುಪಡಿಯಾದ ಮೇಲೆ ಕೊಡುವವನೂ ಅಪರಾಧಿ. ಒತ್ತಾಯಕ್ಕೆ ಕೊಟ್ಟಿದ್ದರೆ ಏಳು ದಿನದೊಳಗೆ ತಿಳಿಸಬೇಕು. ಲೋಕಾಯುಕ್ತದ ಠಾಣೆ ಪ್ರತಿ ಜಿಲ್ಲೆಯಲ್ಲಿದೆ. ಇನ್ನೊಂದು ಒಳಗಿನ ಮಾತು: ರೊಕ್ಕ ಕೊಟ್ಟ ಕೆಲಸಕ್ಕೆ ರಶೀದಿ ಇಲ್ಲ. ದುಡ್ಡು ತಿಂದವ ವರ್ಗವಾಗಿ ಹೋದ ಮೇಲೆ ಹೊಸಬನಿಗೆ ನೀವು ಯಾರೋ, ನಿಮ್ಮ ಕಡತ ಯಾವುದೋ. ಅರ್ಜಿಗಾದರೂ ಒಂದು ನಂಬರ್ ಇರುತ್ತದೆ.

ಕೆಲಸ ಆತ್ರಿ! ಇನ್ನ ಈ ಹಳೇ ಕಾಗದಾ ಎಲ್ಲಾ ಒಗದ ಬಿಡ್ಲೇನು?

ಒಗೆಯಬೇಡಿ. ಲ್ಯಾಮಿನೇಷನ್ನೂ ಬೇಡ, ಆಮೇಲೆ ಅದರ ಮೇಲೆ ಮೊಹರು ಕೂಡುವುದಿಲ್ಲ. ಒಂದು ತಗಡಿನ ಟ್ರಂಕು, ನಾಲ್ಕು ನುಸಿಗುಳಿಗೆ ಸಾಕು. ತಿರಸ್ಕಾರದ ಹಿಂಬರಹಗಳನ್ನೂ ಇಡಿ. ಯಾವ ತಾರೀಖಿಗೆ ನೀವು ಕೇಳಿದ್ದಿರಿ ಎಂಬುದಕ್ಕೆ ಅವೇ ಸಾಕ್ಷಿ.

ನಮ್ಮ ದೊಡ್ಡಪ್ಪ ಹೀಗೆಯೇ ಇಟ್ಟಿದ್ದ. ಅವನು ತೀರಿದ ಮೇಲೆ ವಾರಸಾ ಮಾಡಿಸಲು ಮಕ್ಕಳು ಟ್ರಂಕು ತಂದು ನನ್ನ ಮುಂದೆ ಇಟ್ಟರು. ಕಂದಾಯದ ರಶೀದಿ, ಸೊಸೈಟಿ ಸಾಲದ ಪುಸ್ತಕ, ಬಾವಿ ತೋಡಿಸಿದ ಲೆಕ್ಕ, ಎಲ್ಲ ವರ್ಷದ ಪ್ರಕಾರ ದಾರ ಕಟ್ಟಿ ಇಟ್ಟಿದ್ದ. ನಡುವೆ ಒಂದು ಹಿಂಬರಹ, ಅವನ ಹೆಸರು ತಿದ್ದುಪಡಿಯ ಅರ್ಜಿಗೆ ಕೊಟ್ಟದ್ದು. ‘ಸದರಿಯವರ ದಾಖಲೆಗಳು ಅಪೂರ್ಣವಿರುವುದರಿಂದ ಅರ್ಜಿಯನ್ನು ಹಿಂದಿರುಗಿಸಿದೆ.’ ಯಾವ ದಾಖಲೆ ಎಂದು ಬರೆದಿಲ್ಲ. ಕೆಳಗೆ ತಹಶೀಲ್ದಾರರ ಸಹಿ, ಎಡಗಡೆ ಮೂಲೆಯಲ್ಲಿ ಬರೆದವನ ಸಣ್ಣ ಸಹಿ. ಅದು ನನ್ನದು. ದಿನಕ್ಕೆ ನಲವತ್ತು ಬರೆಯುತ್ತಿದ್ದ ಕಾಲ, ಹೆಸರು ಓದಿರಲಿಲ್ಲ. ಆಮೇಲೆ ಹದಿನೆಂಟು ವರ್ಷ ಅವನು ಪ್ರತಿ ಯುಗಾದಿಗೆ ನಮ್ಮ ಮನೆಗೆ ಬಂದು ಬೇವು-ಬೆಲ್ಲ ತಿಂದು ಹೋಗಿದ್ದಾನೆ, ಒಂದು ಸಲವೂ ಅದರ ಮಾತು ತೆಗೆಯಲಿಲ್ಲ. ಹಿಂಬರಹವನ್ನು ಮಾತ್ರ ಮಡಿಕೆ ಬೀಳದಂತೆ ಇಟ್ಟಿದ್ದ, ಆವಕ ನಂಬರಿನ ಕೆಳಗೆ ಪೆನ್ಸಿಲಿನಲ್ಲಿ ಗೆರೆ ಎಳೆದು.